ನೆರಳೂಟದ ಮುಚ್ಚಳ

ತಮೊತ್ಸು ಇನ್ನಿಲ್ಲ ಎಂಬ ಸುದ್ದಿ ಬಂದ ದಿನ ಅವನ ತಾಯಿ ಇಸೊ ಕಡಲದಂಡೆಯ ಚಾಪೆಗಳ ಮೇಲೆ ಬೇಯಿಸಿದ ಸಣ್ಣ ಮೀನು ಹರವುತ್ತಿದ್ದಳು. ಯುದ್ಧ ಮುಗಿದು ಮೊದಲ ಚಳಿ ಕಾಲಿಡುತ್ತಿದ್ದ ಸಮಯ. ಊರ ಕಚೇರಿಯ ಗುಮಾಸ್ತ ದಿಬ್ಬ ಇಳಿದು ಬಂದು, ಚಾಪೆಗಳ ಆಚೆ ನಿಂತು, ಟೋಪಿ ತೆಗೆದ. ಅವನು ಟೋಪಿ ತೆಗೆದನೆಂದರೆ ಏನೆಂದು ಆ ದ್ವೀಪದ ಮಕ್ಕಳಿಗೂ ಗೊತ್ತಿತ್ತು. ಮೀನು ಬೇಯಿಸುವ ಹಂಡೆಯ ಮುಂದಿದ್ದ ನೆರೆಮನೆಯ ಮುದುಕಿ ಕಾನೆ, ಒಲೆಗೆ ಸೌದೆ ತಳ್ಳುತ್ತಿದ್ದ ಕೈಯನ್ನು ಹಾಗೇ ನಿಲ್ಲಿಸಿದಳು.

ಗುಮಾಸ್ತ ಹೇಳಿದ್ದು ಸ್ವಲ್ಪವೇ. ತಮೊತ್ಸು ಇದ್ದ ಜಲಾಂತರ್ಗಾಮಿ ಹೋದ ವರ್ಷದ ಬೇಸಿಗೆಯಲ್ಲಿ ಕುರೆ ಬಂದರಿನಿಂದ ತೆಂಕಣ ಕಡಲಿಗೆ ಹೊರಟಿತ್ತು. ಹಿಂದಿರುಗಿ ಬರಲಿಲ್ಲ. ಒಳಗಿದ್ದವರೆಲ್ಲ ತೀರಿಕೊಂಡರೆಂದು ನೌಕಾಪಡೆ ತೀರ್ಮಾನಿಸಿದೆ. ಎಲ್ಲಿ, ಹೇಗೆ ಎಂಬುದು ಯಾರಿಗೂ ತಿಳಿಯದು.

ಇಸೊ ಬೊಗಸೆಯಲ್ಲಿದ್ದ ಮೀನನ್ನು ಹರವಿ ಮುಗಿಸಿದಳು. ಒಂದರ ಮೇಲೊಂದು ಬಿದ್ದದ್ದನ್ನು ಬೆರಳಿನಿಂದ ಬಿಡಿಸಿದಳು. ಆಮೇಲೆ ಕೇಳಿದಳು:

"ಹೋದ ವರ್ಷದ ಬೇಸಿಗೇಲಾ?"

"ಹೌದಮ್ಮ."

"ಹಾಗಾದ್ರೆ ಅದು ತಪ್ಪು ಸುದ್ದಿ. ಇವತ್ತು ಬೆಳಗ್ಗೆನೂ ಮುಚ್ಚಳದಲ್ಲಿ ಹನಿ ಇತ್ತು."

ಗುಮಾಸ್ತ ಕಾನೆಯ ಮುಖ ನೋಡಿದ. ಕಾನೆ ಬೆಂಕಿಯ ಕಡೆ ನೋಡಿದಳು. ಅವನು ಬಾಗಿ ನಮಸ್ಕರಿಸಿ, ಬಂದ ದಾರಿಯಲ್ಲೇ ಹತ್ತಿ ಹೋದ.

ದೂರ ಹೋದವರಿಗೆ ನೆರಳೂಟ ಇಡುವುದು ಆ ಕಡೆಯ ಮನೆಗಳಲ್ಲಿ ನಡೆದುಬಂದ ರೂಢಿ. ಮಗ ಮನೆಯಲ್ಲಿದ್ದಾಗ ಎಲ್ಲಿ ಕೂತು ಉಣ್ಣುತ್ತಿದ್ದನೋ ಅಲ್ಲೇ ಅವನ ಮಣೆ, ಅವನ ಬಟ್ಟಲು, ಅವನ ಊಟದ ಕಡ್ಡಿ. ಅನ್ನ ಬಡಿಸಿ ಮುಚ್ಚಳ ಮುಚ್ಚುತ್ತಾರೆ. ಪರಸ್ಥಳದಲ್ಲಿ ಅವನ ಹೊಟ್ಟೆ ಬರಿದಾಗದಿರಲೆಂದು ಬೇಡಿಕೊಳ್ಳುತ್ತಾರೆ. ಸ್ವಲ್ಪ ಹೊತ್ತು ಬಿಟ್ಟು ಮುಚ್ಚಳ ತೆಗೆದಾಗ ಒಳಮೈಯಲ್ಲಿ ನೀರಹನಿ ಕಟ್ಟಿದ್ದರೆ ಅವನು ಕ್ಷೇಮ. ಒಣಗಿದ್ದರೆ ಬಾಯಿ ಬಿಟ್ಟು ಯಾರೂ ಏನೂ ಹೇಳುವುದಿಲ್ಲ.

ತಮೊತ್ಸು ಮನೆ ಬಿಟ್ಟಾಗ ಅವನ ಹೆಂಡತಿ ಫುಸಾಎ ಬಸುರಿಯಾಗಿದ್ದಳು. ಹುಟ್ಟಿದ ಹೆಣ್ಣುಮಗು ಮಿನೆ ಅಪ್ಪನ ಮುಖ ಕಂಡದ್ದಿಲ್ಲ. ಅಪ್ಪನ ಅನ್ನ ಉಂಡೇ ಬೆಳೆದದ್ದು. ಮನೆಯವರೆಲ್ಲ ಗೆಣಸು, ಜವೆಗೋಧಿ ತಿಂದರೂ ಆ ಬಟ್ಟಲಿಗೆ ಮಾತ್ರ ಬಿಳಿ ಅನ್ನವೇ ಬೀಳುತ್ತಿತ್ತು. ಹನಿ ನೋಡಿಯಾದ ಮೇಲೆ ಅದು ಮಗುವಿನ ಪಾಲು. "ಅಪ್ಪನ ಅನ್ನ" ಎಂದು ಕೇಳಿ ಪಡೆಯುತ್ತಿತ್ತು.

ತಮೊತ್ಸು ಜಲಾಂತರ್ಗಾಮಿಗೆ ಸೇರಿದನೆಂದು ತಿಳಿದಾಗ ಇದೇ ಕಾನೆ ಹಂಡೆಯ ಮುಂದೆ ಕೂತು ಚುಚ್ಚಿದ್ದಳು: "ಅಲ್ಲ ಕಣೆ ಇಸೊ, ನಮ್ಮ ಗಂಡಸರು ಮುಳುಗದೆ ಮನೆಗೆ ಬಂದ್ರೆ ಸಾಕಪ್ಪಾ ಅಂತ ನಾವು ದಿನಾ ಕೈ ಮುಗೀತೀವಿ. ನಿನ್ನ ಮಗ ನೋಡಿದ್ರೆ ಸಂಬಳ ತಗೊಂಡು ಮುಳುಗೋಕೆ ಹೊರಟಿದಾನೆ." ಅಂದು ಇಸೊ ಕೂಡ ನಕ್ಕಿದ್ದಳು. ಈಗ ಕಾನೆ ಆ ಮಾತನ್ನು ಎಂದೂ ಆಡಿರಲಿಲ್ಲವೆಂಬಂತೆ ಇರುತ್ತಿದ್ದಳು, ದಿನವೂ ಏನಾದರೂ ಒಂದಿಷ್ಟು ತಂದು ಅವರ ಬಾಗಿಲಲ್ಲಿಟ್ಟು ಹೋಗುತ್ತಿದ್ದಳು.

ಕೆಲವು ವಾರಗಳಲ್ಲಿ ನೌಕಾಪಡೆಯಿಂದ ಬಿಳಿ ಬಟ್ಟೆ ಸುತ್ತಿದ ಪೆಟ್ಟಿಗೆ ಬಂತು. ಅಸ್ಥಿ ಇರಬೇಕಾದ ಕಡೆ ಹೆಸರು ಬರೆದ ಒಂದು ಮರದ ಚೂರಿತ್ತು. ಇಸೊ ಅದನ್ನು ಬುದ್ಧನ ಪೀಠದ ಬಳಿ ಇಡಗೊಡಲಿಲ್ಲ. ಬಟ್ಟೆಬರೆಯ ಕಪಾಟಿನ ಮೇಲಿಟ್ಟಳು.

ಗುಡಿಯ ಗುರುಗಳು ಬಂದರು. ಯುದ್ಧ ಮುಗಿದ ಬೇಸಿಗೆಯಲ್ಲಿ ಕೊಲ್ಲಿಯಾಚೆಯ ದೊಡ್ಡ ಪಟ್ಟಣ ಒಂದೇ ಬೆಳಗಿನಲ್ಲಿ ಸುಟ್ಟುಹೋದಾಗಿನಿಂದ ಅವರಿಗೆ ಕೂತು ಉಣ್ಣಲೂ ಬಿಡುವಿರಲಿಲ್ಲ. ದ್ವೀಪದ ಮನೆಮನೆಯಲ್ಲೂ ಶವಸಂಸ್ಕಾರ, ಕೆಲವು ಕಡೆ ಶವವೇ ಇಲ್ಲದ ಸಂಸ್ಕಾರ. ದನಿ ಒಡೆದುಹೋಗಿತ್ತು. ಅವರು ನೆರಳೂಟದ ಮಣೆಯನ್ನು ನೋಡಿದರು. ಹನಿ ನೋಡಿ ಬದುಕು ಸಾವು ಎಣಿಸುವುದು ನಮ್ಮ ಪಂಥದ ದಾರಿಯಲ್ಲವೆಂದು ಅವರು ಹಿಂದೆಯೂ ಮೆಲ್ಲಗೆ ಹೇಳಿದ್ದುಂಟು. ಈ ಸಲ ಅದನ್ನು ಎತ್ತಲಿಲ್ಲ. ಸತ್ತವನನ್ನು ಬುದ್ಧನ ಶಿಷ್ಯನೆಂದು ಕರೆಯುವ ಹೊಸ ಹೆಸರು ಕೊಡಬೇಕು, ನಾಲ್ಕು ಜನರ ಮುಂದೆ ಸೂತ್ರ ಓದಬೇಕು, ಅದಕ್ಕೆ ಮನೆಯ ಹಿರಿಯಳ ಒಪ್ಪಿಗೆ ಬೇಕು ಎಂದರು.

"ಗುರುಗಳೇ, ಬದುಕಿರೋನಿಗೆ ಸತ್ತವರ ಹೆಸರು ಇಟ್ರೆ ಅವನು ಯಾವ ಹೆಸರು ಹಿಡ್ಕೊಂಡು ಮನೆಗೆ ಬರ್ಬೇಕು?" ಎಂದಳು ಇಸೊ.

ಗುರುಗಳು ಚಹಾ ಕುಡಿದು ಮುಗಿಸಿದರು. ಹೊಸಿಲಲ್ಲಿ ಚಪ್ಪಲಿ ಮೆಟ್ಟುತ್ತಾ, "ನಿಮಗೆ ಯಾವಾಗ ಆಗುತ್ತೋ ಆಗ ಹೇಳಿ ಕಳಿಸಿ ಇಸೊ ಅಮ್ಮ. ಅಮಿತಾಭ ಬುದ್ಧನಿಗೆ ಅವಸರ ಇಲ್ಲ" ಎಂದು ಹೊರಟರು.

ಅವರ ಬೆನ್ನು ಮರೆಯಾದ ಮೇಲೆ ಫುಸಾಎ ಪಾತ್ರೆ ತೊಳೆಯುತ್ತಲೇ, ತಲೆ ಎತ್ತದೆ ಹೇಳಿದಳು: "ಅತ್ತೆ, ನನಗೆ ಅಳೋದಕ್ಕೆ ಅಂತ ಒಂದು ದಿನ ಬೇಕು. ಆ ದಿನ ನೀವು ಕೊಡದೆ ಬರೋದಿಲ್ಲ."

ಸೊಸೆ ಕೇಳಿದ್ದು ನ್ಯಾಯವೆಂದು ಇಸೊಗೆ ತಿಳಿಯುತ್ತಿತ್ತು. ಆದರೆ ತಿಳಿಯುವುದೊಂದು, ಮೈಯೊಳಕ್ಕೆ ಇಳಿಯುವುದು ಇನ್ನೊಂದು. ಮೈ ಮರದ ಕೊರಡಿನಂತಾಗಿತ್ತು. ಬಿಸಿ ಹಂಡೆಗೆ ಕೈ ತಗುಲಿ ಬೊಬ್ಬೆ ಎದ್ದರೂ ರಾತ್ರಿ ಮಗು ತೋರಿಸಿದಾಗಲೇ ಗೊತ್ತಾಗುತ್ತಿತ್ತು.

ಯಾರಿಗೂ ಹೇಳದ ಸಂಗತಿಯೊಂದು ಅವಳ ಒಳಗಿತ್ತು. ಮುಚ್ಚಳ ಒಂದು ದಿನ ಒಣಗಿತ್ತು. ಅದು ಗುಮಾಸ್ತ ಹೇಳಿದ ಬೇಸಿಗೆಗಿಂತ ಮೊದಲಿನ ಚಳಿಗಾಲ, ಪಂಥದ ಮೂಲಗುರುಗಳ ಪುಣ್ಯದಿನ. ಆ ದಿನ ಆ ಸೀಮೆಯಲ್ಲಿ ಒಂದು ದೋಣಿಯೂ ಕಡಲಿಗೆ ಇಳಿಯುವುದಿಲ್ಲ, ಒಂದು ಮನೆಯಲ್ಲೂ ಮೀನು ಬೇಯುವುದಿಲ್ಲ. ಮೀನಿನಿಂದಲೇ ಬದುಕುವವರು ಮೀನಿಗೆ ಒಂದು ದಿನ ರಜೆ ಕೊಡುತ್ತಾರೆ. ಗುಡಿಯ ಅಡುಗೆಗೆ ಹೋಗಬೇಕೆಂದು ಅತ್ತೆ ಸೊಸೆ ನಸುಕಿನಲ್ಲೇ ಒಲೆ ಹಚ್ಚಿದ್ದರು. ಎಲ್ಲ ಕೆಲಸದ ನಡುವೆ ನೆರಳೂಟಕ್ಕೆ ಬಡಿಸುವಾಗ ತಡವಾಯಿತು. ಮುಚ್ಚಳ ತೆಗೆದಳು, ಒಳಮೈ ಒಣಗಿದ ಎಲುಬಿನಂತಿತ್ತು. ಫುಸಾಎ ಹಿಂದೆ ಬಂದು ನಿಂತಳು. ಇಸೊ ಬೆನ್ನು ತಿರುಗಿಸಿ, ಮುಚ್ಚಳವನ್ನು ಬಾಯಿಯ ಹತ್ತಿರ ಹಿಡಿದು, ಹಾ ಎಂದು ಉಸಿರು ಬಿಟ್ಟು, ಆಮೇಲೆ ತಿರುಗಿ ತೋರಿಸಿದ್ದಳು: "ನೋಡು, ಹನಿ ಇದೆ."

ಅಂದಿನಿಂದ ಅವಳ ಹೊಟ್ಟೆಯಲ್ಲಿ ಒಂದು ಕಲ್ಲು ಕೂತಿತ್ತು. ಮಗ ಆ ದಿನವೇ ಹೋಗಿದ್ದರೆ? ಬೇಸಿಗೆಯಲ್ಲಿ ಹೊರಟ ಹಡಗಿನಲ್ಲಿ ಅವನಿದ್ದದ್ದನ್ನು ಕಣ್ಣಾರೆ ಕಂಡು ಹೇಳಿದವರು ಯಾರೂ ಇರಲಿಲ್ಲ. ಅವನ ಸಾವನ್ನು ತಾನೇ ಉಸಿರಿನಿಂದ ಮುಚ್ಚಿಟ್ಟಂತಾಯಿತು. ಅವನಿಗೆ ಸಲ್ಲಬೇಕಾದ ಸೂತ್ರವನ್ನು, ಹೆಸರನ್ನು ತಾಯಿಯೇ ತಡೆದಂತಾಯಿತು. ಆ ದಿನ ಹೋಗಿಲ್ಲವಾದರೆ ಮುಚ್ಚಳ ಸುಳ್ಳು ಹೇಳಿತ್ತು. ಆಗ ಬೇರೆ ದಿನಗಳ ಹನಿಯನ್ನು ನಂಬುವುದು ಹೇಗೆ? ಈ ಎರಡು ಯೋಚನೆಗಳ ನಡುವೆ ಕಾಲಿಡಲು ಜಾಗವಿರಲಿಲ್ಲ. ಆದ್ದರಿಂದ ಅವಳು ನಡೆಯುವುದನ್ನೇ ಬಿಟ್ಟಿದ್ದಳು. ಬೆಳಗಾದರೆ ಬಡಿಸುವುದು, ಮುಚ್ಚುವುದು, ತೆಗೆಯುವುದು, ಅಷ್ಟೇ.

ಚಳಿ ಹರಿದು ದಿಬ್ಬದ ಮೇಲೆ ಹೂ ಬಿಡುವ ಕಾಲಕ್ಕೆ, ಒಂದು ಮಧ್ಯಾಹ್ನ ಆಚೆ ದಡದ ದೋಣಿಯಿಂದ ಒಬ್ಬ ಇಳಿದ. ಬಡಕಲು ಮೈ, ಗುಂಡಿ ಕಿತ್ತ ನೌಕಾಪಡೆಯ ಅಂಗಿ. ಕೆಮ್ಮುತ್ತಾ ದಾರಿ ಕೇಳಿಕೊಂಡು ಬಂದ. ಹೆಸರು ಕುರಾಶಿಗೆ, ತಮೊತ್ಸುವಿನ ಜೊತೆ ಅದೇ ಜಲಾಂತರ್ಗಾಮಿಯ ಯಂತ್ರದ ಕೋಣೆಯಲ್ಲಿದ್ದವನು. ಕೊನೆಯ ಯಾನಕ್ಕೆ ಮುಂಚೆ ಎದೆಯ ಕಾಯಿಲೆ ಹತ್ತಿ ಕುರೆಯ ದಡದಲ್ಲಿ ಇಳಿಸಿದ್ದರಂತೆ. ಆಸ್ಪತ್ರೆಯಿಂದ ಬಿಟ್ಟ ಮೇಲೆ ಸಂಗಡಿಗರ ಮನೆಗಳನ್ನು ಒಂದೊಂದಾಗಿ ಹುಡುಕಿಕೊಂಡು ಹೋಗುತ್ತಿದ್ದ. ಒಳಗೆ ಬಾರೆಂದರೂ ಬಾರದೆ ಜಗಲಿಯ ಅಂಚಿನಲ್ಲೇ ಕೂತ. ಬದುಕಿ ಬಂದದ್ದಕ್ಕೆ ಕ್ಷಮೆ ಕೇಳುವವನಂತೆ ನೆಲಕ್ಕೆ ಹಣೆ ಮುಟ್ಟಿಸಿದ.

"ಏಳಪ್ಪ. ಕಾಯಿಲೆ ಬಂದಿದ್ದು ನಿನ್ನ ತಪ್ಪಲ್ಲ" ಎಂದಳು ಇಸೊ. "ಅವನು ಎಲ್ಲೆಲ್ಲಿ ಹೋದ ಅಂತ ಹೇಳು. ನಮಗೆ ಏನೂ ಗೊತ್ತಿಲ್ಲ. ಬರೆದಾಗೆಲ್ಲ 'ಕ್ಷೇಮವಾಗಿದ್ದೇನೆ, ಊಟ ಚೆನ್ನಾಗಿದೆ' ಅಂತಷ್ಟೇ ಬರೀತಿದ್ದ."

ಕುರಾಶಿಗೆ ಹೇಳತೊಡಗಿದ. ಕಾನೆಯೂ ಬಂದು ಮೂಲೆಯಲ್ಲಿ ಕೂತಳು. ಫುಸಾಎ ಮಗುವನ್ನು ತೊಡೆಯ ಮೇಲಿಟ್ಟುಕೊಂಡು ಕೇಳಿದಳು.

ಆ ಜಲಾಂತರ್ಗಾಮಿಗೆ ಹೆಸರೆಂಬುದಿರಲಿಲ್ಲ, ಬರೀ ಒಂದು ಸಂಖ್ಯೆ. ಕುರೆಯಲ್ಲೇ ಕಟ್ಟಿ, ಕಪ್ಪು ಬಣ್ಣ ಬಳಿದು ನೀರಿಗೆ ಬಿಟ್ಟದ್ದು. ಮೊದಲ ಯಾನ ಬಡಗಣದ ಮಂಜಿನ ಕಡಲಿಗೆ. ಅಲ್ಲಿ ಶತ್ರುವಿಗಿಂತ ಚಳಿಯೇ ಹೆಚ್ಚು ಕಾಡಿತು. ಎರಡನೆಯ ಯಾನದಲ್ಲಿ ಒಂದು ಸರಕಿನ ಹಡಗನ್ನು ಟಾರ್ಪಿಡೊ ಹೊಡೆದು ಮುಳುಗಿಸಿದರು. ಅದು ಒಡೆದು ತಳಕ್ಕೆ ಇಳಿಯುವ ಸದ್ದು ತಮ್ಮ ಹಡಗಿನ ಗೋಡೆಯ ಮೂಲಕ ಕೇಳಿಸಿತಂತೆ, ದೊಡ್ಡ ಪ್ರಾಣಿಯೊಂದು ನರಳಿದ ಹಾಗೆ. ಉಳಿದವರು ಜಯಕಾರ ಹಾಕಿದರು. ತಮೊತ್ಸು ಯಂತ್ರದ ಕಡೆ ಮುಖ ಮಾಡಿ ತುಟಿ ಆಡಿಸುತ್ತಿದ್ದ. ಏನೋ ಎಂದು ಕೇಳಿದರೆ, ಎಣ್ಣೆಯ ಮಟ್ಟ ನೋಡುತ್ತಿದ್ದೇನೆ ಎಂದ. ಅವನ ತುಟಿಯಲ್ಲಿದ್ದದ್ದು ಬುದ್ಧನ ಹೆಸರೆಂದು ಕುರಾಶಿಗೆಗೆ ಗೊತ್ತಿತ್ತು.

ಆಮೇಲೆ ಅಪ್ಪಣೆ ಬದಲಾಯಿತು. ಮೇಲಿದ್ದ ಫಿರಂಗಿ ಬಿಚ್ಚಿದರು, ಟಾರ್ಪಿಡೊಗಳನ್ನು ಇಳಿಸಿದರು, ಆ ಜಾಗಕ್ಕೆಲ್ಲ ಅಕ್ಕಿ ತುಂಬಿದರು. ತೆಂಕಣದ ದ್ವೀಪಗಳಲ್ಲಿ ಸಿಕ್ಕಿಬಿದ್ದ ಕಾಲಾಳುಗಳು ಹಸಿವಿನಿಂದ ಸಾಯುತ್ತಿದ್ದರು. ಮೇಲಿನಿಂದ ಹೋಗುವ ಹಡಗು ಒಂದೂ ತಲುಪುತ್ತಿರಲಿಲ್ಲ. ಹಗಲೆಲ್ಲ ನೀರಡಿಯಲ್ಲಿದ್ದು, ಕತ್ತಲಾದ ಮೇಲೆ ದಡದ ಹತ್ತಿರ ಮೇಲೆದ್ದು, ರಬ್ಬರಿನ ಚೀಲಗಳನ್ನು ಕೆಳಗಿಳಿಸಿ ಮತ್ತೆ ಮುಳುಗುವುದು. ಸಣ್ಣ ದೋಣಿಗಳಲ್ಲಿ ಬಂದ ಸೈನಿಕರು ಮೂಳೆಯ ಮೇಲೆ ಬಟ್ಟೆ ಹಾಕಿದಂತಿದ್ದರು. ಒಬ್ಬ ಹರಿದ ಚೀಲದಿಂದ ಹಸಿ ಅಕ್ಕಿಯನ್ನೇ ಬಾಯಿಗೆ ಹಾಕಿಕೊಂಡು, ಜಗಿಯಲಾರದೆ, ಹಾಗೇ ಇಟ್ಟುಕೊಂಡಿದ್ದನಂತೆ. "ಆ ವರ್ಷವೆಲ್ಲಾ ನಾವು ಯುದ್ಧ ಮಾಡ್ಲಿಲ್ಲಮ್ಮ," ಎಂದ ಕುರಾಶಿಗೆ, "ಅಕ್ಕಿ ಹೊತ್ವಿ. ತಮೊತ್ಸು ಹೇಳ್ತಿದ್ದ, ಇದೊಂದು ಕೆಲಸ ಊರಲ್ಲಿ ಧೈರ್ಯವಾಗಿ ಹೇಳ್ಕೋಬಹುದು ಕಣೋ ಅಂತ."

ಇಸೊ ಮೂಲೆಯಲ್ಲಿದ್ದ ಬಟ್ಟಲನ್ನು ನೋಡಿದಳು. ಅವಳ ದೃಷ್ಟಿ ಹಿಡಿದು ಕುರಾಶಿಗೆಯೂ ನೋಡಿದ. ಮಣೆ, ಕಡ್ಡಿ, ಮುಚ್ಚಿದ ಮುಚ್ಚಳ. ಅವನಿಗೆ ಕೂಡಲೇ ಅರ್ಥವಾಯಿತು.

"ಇದನ್ನೂ ಹೇಳಿದ್ದ" ಎಂದ. "ನಮ್ಮಿಬ್ಬರಿಗೂ ಒಂದೇ ಮಂಚ. ಒಬ್ಬ ಎದ್ರೆ ಇನ್ನೊಬ್ಬ ಮಲಗ್ಬೇಕು. ನೀರಡಿಯಲ್ಲಿದ್ದಾಗ ನಮ್ಮೆಲ್ಲರ ಉಸಿರೂ ತಲೆ ಮೇಲಿನ ಕಬ್ಬಿಣಕ್ಕೆ ಹತ್ತಿ, ಹನಿಯಾಗಿ ಮುಖದ ಮೇಲೆ ಬೀಳೋದು. ತಮೊತ್ಸು ಕೈಯಲ್ಲಿ ಒರೆಸಿಕೊಂಡು ನಗೋನು. 'ನಮ್ಮಮ್ಮ ಅಲ್ಲಿ ದಿನಾ ಮುಚ್ಚಳ ತೆಗೆದು ಹನಿ ಹುಡುಕ್ತಾಳೆ. ಇಲ್ಲಿಗೆ ಬಂದು ನೋಡ್ಲಿ, ಎಷ್ಟು ಬೇಕೋ ಅಷ್ಟಿದೆ. ನಾವೆಲ್ಲಾ ಆ ಮುಚ್ಚಳದ ಒಳಗೇ ಇದೀವಲ್ಲೋ' ಅನ್ನೋನು."

ಇಸೊ ಕೂತಲ್ಲಿಂದ ಒಂದಿಷ್ಟು ಮುಂದಕ್ಕೆ ಜರುಗಿದಳು. ಇಷ್ಟು ದಿನ ಕೇಳಬಾರದೆಂದು ಕಟ್ಟಿಟ್ಟಿದ್ದ ಪ್ರಶ್ನೆ ತಾನಾಗಿಯೇ ಹೊರಗೆ ಬಂತು.

"ಅಪ್ಪಾ, ಕೊನೇ ಯಾನಕ್ಕೆ ಮುಂಚಿನ ಚಳಿಗಾಲ. ಮೂಲಗುರುಗಳ ಪುಣ್ಯದಿನ. ಆ ದಿನ ನಿಮಗೇನಾಗಿತ್ತು? ನಿನಗೆ ನೆನಪಿರಲಿಕ್ಕಿಲ್ಲ."

"ನೆನಪಿದೆ" ಎಂದ ಕುರಾಶಿಗೆ. "ಆ ದಿನ ನಾವು ತೆಂಕಣದ ಬಂದರಲ್ಲಿ ತಂಗಿದ್ವಿ. ದೊಡ್ಡ ಮಳೆ ಸುರೀತು. ಎಲ್ಲರೂ ಮೇಲೆ ಬಂದು ಮಳೆನೀರಲ್ಲೇ ಸ್ನಾನ ಮಾಡಿ, ಬಟ್ಟೆ ಒಗೆದ್ವಿ. ಊಟಕ್ಕೆ ಡಬ್ಬಿಯ ಮೀನು ಕೊಟ್ರು. ತಮೊತ್ಸು ಮುಟ್ಲಿಲ್ಲ. 'ಇವತ್ತು ನಮ್ಮೂರಲ್ಲಿ ಒಂದು ದೋಣಿಯೂ ಇಳಿಯೋದಿಲ್ಲ, ನನಗೆ ಬೇಡ' ಅಂದ. ಎಲ್ಲರೂ ಸ್ವಾಮಿಗಳೇ, ಸ್ವಾಮಿಗಳೇ ಅಂತ ಆಡಿಕೊಂಡ್ರು. ಅವನ ಪಾಲಿನ ಮೀನು ತಿಂದವನು ನಾನೇ. ಅದಕ್ಕೇ ಮರೆತಿಲ್ಲ."

"ಕ್ಷೇಮವಾಗಿದ್ನಾ?"

"ನಗ್ತಾ ಇದ್ದ ಅಮ್ಮಾ. ಒದ್ದೆ ಲಂಗೋಟಿ ತಲೆಗೆ ಸುತ್ತಿಕೊಂಡು ಕೂತಿದ್ದ."

ಕಾನೆ ಮೂಗಿನಲ್ಲಿ ಒಂದು ಸದ್ದು ಮಾಡಿದಳು. ನಗುವೋ ಇನ್ನೇನೋ ತಿಳಿಯಲಿಲ್ಲ.

ಇಸೊ ತನ್ನ ಅಂಗೈ ತಿರುಗಿಸಿ ನೋಡಿಕೊಂಡಳು. ಆಮೇಲೆ ಯಾರನ್ನೂ ನೋಡದೆ ಹೇಳಿದಳು: "ಆ ದಿನ ಮುಚ್ಚಳ ಒಣಗಿತ್ತು. ನಾನೇ ಉಸಿರು ಬಿಟ್ಟು ಹನಿ ಮಾಡಿದೆ. ಫುಸಾ, ನಿನಗೆ ಸುಳ್ಳು ತೋರಿಸಿದೆ."

"ನನಗೆ ಗೊತ್ತಿತ್ತು ಅತ್ತೆ" ಎಂದಳು ಫುಸಾಎ.

"ಗೊತ್ತಿತ್ತಾ?"

"ನಿಮ್ಮ ಭುಜ ಎದ್ದು ಇಳಿದದ್ದು ಹಿಂದಿನಿಂದ ಕಾಣ್ತಿತ್ತು. ಆವತ್ತು ಅನ್ನ ಆರಿಹೋಗಿತ್ತು, ಬಡಿಸಿದವಳು ನಾನೇ. ಅದಕ್ಕೇ ಮಾರನೇ ದಿನದಿಂದ ಒಲೆಯಿಂದ ಇಳಿಸಿದ ಕೂಡಲೇ ಮೊದಲ ಸೌಟು ಅವರ ಬಟ್ಟಲಿಗೇ ಹಾಕ್ತಿದ್ದೆ. ಅನ್ನ ಬಿಸಿ ಇದ್ರೆ ಹನಿ ಬರುತ್ತೆ ಅತ್ತೆ. ಅವರು ಇದ್ರೂ ಬರುತ್ತೆ, ಇಲ್ದಿದ್ರೂ ಬರುತ್ತೆ."

ಎಷ್ಟು ಸುಲಭದ ಮಾತು. ಅಡುಗೆ ಮಾಡುವ ಯಾವ ಹೆಂಗಸಿಗೆ ಗೊತ್ತಿಲ್ಲ? ಇಸೊಗೂ ಗೊತ್ತಿತ್ತು. ಒಂದೇ ಮನೆಯಲ್ಲಿ ಇಬ್ಬರು ಹೆಂಗಸರು ಇಷ್ಟು ಕಾಲ ಒಬ್ಬರಿಗೊಬ್ಬರು ಹನಿ ಕಾಪಾಡಿಕೊಂಡು ಬಂದಿದ್ದರು. ಹೊಟ್ಟೆಯೊಳಗಿನ ಕಲ್ಲು ಸ್ವಲ್ಪ ಸರಿದಂತಾಯಿತು. ಆದರೆ ಅದು ಸರಿದ ಜಾಗಕ್ಕೆ ಏನೂ ಬಂದು ತುಂಬಲಿಲ್ಲ. ಅಳು ಬರಬಹುದೆಂದು ಕಾದಳು. ಬರಲಿಲ್ಲ.

ಮಿಕ್ಕದ್ದನ್ನು ಕುರಾಶಿಗೆ ಬೇಗ ಹೇಳಿ ಮುಗಿಸಿದ. ವಸಂತದಲ್ಲಿ ಶತ್ರುವಿನ ಸಿಡಿಗುಂಡುಗಳ ಹೊಡೆತಕ್ಕೆ ಜಲಾಂತರ್ಗಾಮಿ ಅಲ್ಲಲ್ಲಿ ಸೋರಿ, ಹೇಗೋ ದೂರದ ಯೊಕೊಸುಕಾ ಬಂದರು ಸೇರಿ ದುರಸ್ತಿಯಾಯಿತು. ಕುರೆಗೆ ಬಂದದ್ದು ಟಾರ್ಪಿಡೊ ತುಂಬಿಕೊಳ್ಳಲಷ್ಟೇ. ಮನೆ ಕಣ್ಣೆದುರಿದ್ದರೂ ಯಾರನ್ನೂ ದಡಕ್ಕೆ ಬಿಡಲಿಲ್ಲ. ಜ್ವರದಲ್ಲಿದ್ದ ಇವನೊಬ್ಬನನ್ನು ಇಳಿಸಿದರು. ಜಲಾಂತರ್ಗಾಮಿ ಹೊರಟದ್ದು ಬೆಳಗಿನ ಹೊತ್ತು, ಈ ದ್ವೀಪದ ಮುಂದಿನ ಜಲಸಂಧಿಯಲ್ಲೇ. ಹೋದ ಮೇಲೆ ಒಂದೆರಡು ಸಲ ನಿಸ್ತಂತು ಸಂದೇಶ ಬಂತು. ಆಮೇಲೆ ಇಲ್ಲಿಂದ ಎಷ್ಟು ಕರೆದರೂ ಓಗೊಡಲಿಲ್ಲ. ಆಸ್ಪತ್ರೆಯಲ್ಲಿ ಇದನ್ನು ಕೇಳಿದ ದಿನ ತಾನು ಪೂರ್ತಿ ಊಟ ಮಾಡಿದೆನೆಂದು, ಯಾಕೆಂದು ತನಗೇ ತಿಳಿಯದೆಂದು ಅವನು ಹೇಳಿದ.

"ಇಳಿಯೋ ಮುಂಚೆ ತಮೊತ್ಸು ನನ್ನ ಚೀಲ ಮೇಲಕ್ಕೆ ಎತ್ತಿಕೊಟ್ಟ. 'ನಾಳೆ ಬೆಳಗ್ಗೆ ನಮ್ಮೂರ ಮುಂದೇನೇ ಹೋಗ್ತೀವಿ. ದಡದಲ್ಲಿ ಬೆಳ್ಳಗೆ ಕಾಣೋದು ಅಮ್ಮನ ಮೀನಿನ ಚಾಪೆ. ಅಷ್ಟು ನೋಡಿದ್ರೆ ಸಾಕು' ಅಂದ. ನೋಡಿದ್ನೋ ಇಲ್ವೋ ನನಗೆ ಗೊತ್ತಿಲ್ಲಮ್ಮ."

ಇಸೊ ಆ ಬೆಳಗನ್ನು ನೆನೆದುಕೊಳ್ಳಲು ನೋಡಿದಳು. ಆಗ ದಿನವೂ ಹಡಗುಗಳು ಹೋಗುತ್ತಿದ್ದವು. ಸೈನ್ಯದ ಹಡಗನ್ನು ದಿಟ್ಟಿಸಬಾರದೆಂದು ಕಾವಲಿನವರು ಗದರುತ್ತಿದ್ದರಿಂದ ಹೆಂಗಸರು ಬೆನ್ನು ಬಾಗಿಸಿಯೇ ಕೆಲಸ ಮಾಡುತ್ತಿದ್ದರು. ಅದರಲ್ಲೊಂದು ಕಪ್ಪಗೆ, ತಗ್ಗಾಗಿ ಇತ್ತೇ? ಇದ್ದಿರಬಹುದು. ನೆನಪಾಗಲಿಲ್ಲ. ಮೀನು ಹರವಿದ್ದಂತೂ ನಿಜ. ಬಿಸಿಲಿದ್ದ ದಿನ ಅವಳು ಹರವದೆ ಇದ್ದದ್ದಿಲ್ಲ.

ಸಂಜೆಯ ದೋಣಿಗೆ ಕುರಾಶಿಗೆ ಹೊರಟ. ಕಾನೆ ಅವನ ಜೇಬಿಗೆ ಒಣಮೀನು ತುರುಕಿ, "ತಿನ್ನು, ಇವತ್ತು ಯಾರ ಪುಣ್ಯದಿನವೂ ಅಲ್ಲ" ಎಂದು ಗದರಿ ಕಳಿಸಿದಳು. ಇಸೊ ಅವಳನ್ನು ತಡೆದು, ಮೇಲಿನ ದಾರಿಯಲ್ಲಿ ಹೋಗುವಾಗ ಗುಡಿಗೆ ಒಂದು ಮಾತು ಮುಟ್ಟಿಸೆಂದಳು.

"ಏನಂತ ಹೇಳ್ಲಿ?"

"ಹೆಸರು ಕೊಡೋಕೆ ಬರಬಹುದು ಅಂತ ಹೇಳು."

ಕಾನೆ ಕಣ್ಣೊರೆಸಿಕೊಂಡು ಹೋದಳು.

ಅಂದು ಫುಸಾಎ ಅನ್ನದ ಪಾತ್ರೆಯನ್ನು ಒಲೆಯಿಂದ ಇಳಿಸಿದ ಕೂಡಲೇ ಅಭ್ಯಾಸದಂತೆ ಮೊದಲ ಸೌಟನ್ನು ತಮೊತ್ಸುವಿನ ಬಟ್ಟಲಿಗೆ ಹಾಕಿ, ಮುಚ್ಚಳ ಮುಚ್ಚಿ, ಅತ್ತೆಯ ಕೈಗೆ ಕೊಟ್ಟಳು. ಇಸೊ ಅದನ್ನು ಹಿಡಿದು ಮಗನ ಮಣೆಯವರೆಗೆ ಹೋದಳು. ಅಲ್ಲಿ ನಿಂತಳು. ಆಮೇಲೆ ತಿರುಗಿ ಬುದ್ಧನ ಪೀಠದ ಮುಂದೆ ಬಂದು ಮೊಣಕಾಲೂರಿದಳು. ಫುಸಾಎ ಕಪಾಟಿನ ಮೇಲಿದ್ದ ಬಿಳಿ ಪೆಟ್ಟಿಗೆಯನ್ನು ತಂದು ಪೀಠದ ಬಳಿ ಇಟ್ಟಳು. ಯಾರೂ ಅವಳಿಗೆ ಹೇಳಿರಲಿಲ್ಲ.

ಬುದ್ಧನ ಮುಂದಿನ ಎಡೆಗೆ ಮುಚ್ಚಳ ಹಾಕುವ ಪದ್ಧತಿಯಿಲ್ಲ. ಇಸೊ ಮುಚ್ಚಳ ತೆಗೆದಳು. ಒಳಮೈ ನೋಡದೆ ಅದನ್ನು ಅಂಗಿಯ ತೋಳಿನಂಚಿನಿಂದ ಒರೆಸಿ, ಬೋರಲಾಗಿ ಪಕ್ಕಕ್ಕಿಟ್ಟಳು. ಅನ್ನದ ಹಬೆ ತಡೆಯಿಲ್ಲದೆ ಮೇಲೆದ್ದು ದೀಪದ ಹತ್ತಿರ ಹೋಗಿ ಕಾಣದಾಯಿತು.

"ಅಪ್ಪನ ಅನ್ನ ನಂಗಾ?" ಎಂದು ಮಿನೆ ಕೇಳಿತು.

"ನಿನಗೇ ಕಂದ. ಕೈ ಮುಗಿದ ಮೇಲೆ" ಎಂದಳು ಇಸೊ.

ಮೂವರೂ ಕೈ ಮುಗಿದರು. ಹಿಂದೆ ಫುಸಾಎಯ ಉಸಿರು ಕಡಿದು ಕಡಿದು ಬರುತ್ತಿರುವುದು ಇಸೊಗೆ ಕೇಳಿಸಿತು. ತಿರುಗಿ ನೋಡಲಿಲ್ಲ, ಅದು ಸೊಸೆಯ ದಿನ. ಬೇಡಿಕೊಳ್ಳುವಾಗ ಇಸೊಳ ದನಿ ಮೀನಿನ ಲೆಕ್ಕ ಹೇಳುವಾಗ ಇರುವಂತೆಯೇ ಇತ್ತು.

ನಮೊ ಅಮಿತಾಭ ಬುದ್ಧಾಯ. ನನ್ನ ಮಗ ತಮೊತ್ಸುವನ್ನು ನಿನ್ನ ಪಡುವಣದ ಸುಖಾವತಿಗೆ ಸೇರಿಸಿಕೋ. ಅವನ ಜೊತೆ ಆ ಕಬ್ಬಿಣದೊಳಗೆ ಉಸಿರಾಡಿದವರೆಲ್ಲರನ್ನೂ ಸೇರಿಸಿಕೋ. ಅವರು ಮುಳುಗಿಸಿದ ಹಡಗಿನವರನ್ನೂ ಸೇರಿಸಿಕೋ. ಅವರ ತಾಯಂದಿರ ಹೆಸರು ನನಗೆ ಗೊತ್ತಿಲ್ಲ, ನಿನಗೆ ಗೊತ್ತು. ಅಕ್ಕಿ ತಲುಪದೆ ಹೋದವರನ್ನೂ ಮರೆಯಬೇಡ. ಅವರಿಗೆ ಇನ್ನು ಹಸಿವಾಗದಿರಲಿ, ಚಳಿಯಾಗದಿರಲಿ. ಅವರ ಮೇಲಿನ ನೀರು ಅಲುಗದೆ ಇರಲಿ. ನಮೊ ಅಮಿತಾಭ ಬುದ್ಧಾಯ.